ಪೌಡರ್ ಬೇಕಿಂಗ್ ನಿಮ್ಮ ಚರ್ಮಕ್ಕೆ ಒಗ್ಗುತ್ತಾ? ಅರ್ಧ ಮುಖಕ್ಕೆ ಹಚ್ಚಿ ನೋಡಿ, ಗೊತ್ತಾಗುತ್ತದೆ

ಬೇಕಿಂಗ್ ಅಂದರೆ ಮೇಕಪ್ ಮೇಲೆ ಪೌಡರ್ ದಪ್ಪಗೆ ಮೆತ್ತಿ, ಕೆಲವು ನಿಮಿಷ ಬಿಟ್ಟು ಉದುರಿಸುವುದು. ಮಾಡಿದ ಮೊದಲ ಹತ್ತು ನಿಮಿಷ ಹೆಚ್ಚುಕಡಿಮೆ ಎಲ್ಲರ ಮುಖವೂ ಚೆಂದವೇ ಕಾಣುತ್ತದೆ. ವಿಡಿಯೊಗಳು ಮುಗಿಯುವುದೂ ಅಲ್ಲಿಗೇ. ಅಸಲಿ ವಿಷಯ ಗೊತ್ತಾಗುವುದು ನಾಲ್ಕನೇ ಗಂಟೆಗೆ. ಅಷ್ಟು ಹೊತ್ತಿಗೆ ಕ್ಯಾಮೆರಾ ಆಫ್ ಆಗಿರುತ್ತದೆ, ಅಲ್ವಾ?

ನಾನು ಮೊದಲ ಸಲ ಮಾಡಿದ್ದು ಒಂದು ಸಮಾರಂಭಕ್ಕೆ ಹೊರಟಾಗ. ಕಣ್ಣಿನ ಕೆಳಗೆ ದಪ್ಪಗೆ ಪೌಡರ್ ಮೆತ್ತಿ, ಎಂಟು ನಿಮಿಷ ಕಾದು, ಬ್ರಶ್‌ನಿಂದ ತೆಗೆದೆ. ಮನೆಯ ಕನ್ನಡಿಯಲ್ಲಿ ನುಣ್ಣಗೆ ಕಂಡಿತು. ಮೂರು ಗಂಟೆ ಕಳೆದು ಕೈ ತೊಳೆಯಲು ಹೋದಾಗ ಟ್ಯೂಬ್‌ಲೈಟ್ ಬೆಳಕಿನಲ್ಲಿ ನೋಡಿಕೊಂಡರೆ, ಕಣ್ಣಿನ ಕೆಳಗೆ ಬೇಸಿಗೆಯಲ್ಲಿ ಬತ್ತಿದ ಕೆರೆಯ ತಳ! ತಮಾಷೆ ಏನೆಂದರೆ ಮೂಗಿನ ಪಕ್ಕ ಮಾತ್ರ ಹಚ್ಚಿದಾಗ ಹೇಗಿತ್ತೋ ಹಾಗೇ ಇತ್ತು. ಅದೇ ಪೌಡರ್, ಅದೇ ಮುಖ, ಎರಡು ಇಂಚು ಅಂತರ. ಆಮೇಲೆ ನನಗೆ ಹೊಳೆದಿದ್ದು ಇಷ್ಟೇ: "ಬೇಕಿಂಗ್ ನನಗೆ ಸರಿಹೋಗುತ್ತಾ" ಅಂತ ಕೇಳಿದರೆ ಉತ್ತರ ಸಿಗುವುದಿಲ್ಲ. "ನನ್ನ ಮುಖದಲ್ಲಿ ಎಲ್ಲಿ ಸರಿಹೋಗುತ್ತೆ, ಎಷ್ಟು ಹೊತ್ತು" ಅಂತ ಕೇಳಬೇಕು. ಅದನ್ನು ಕಂಡುಹಿಡಿಯಲು ಎರಡು ರಜೆಯ ದಿನ ಸಾಕು.

ಮೊದಲು, ಒಳಗೆ ಏನು ನಡೆಯುತ್ತದೆ?

ಹೆಸರು ಬೇಕಿಂಗ್ ಆದರೂ ಶಾಖ ಬರುವುದು ನಿಮ್ಮ ಮೈಯಿಂದಲೇ. ಕಪ್ಪು, ಕಲೆ ಮುಚ್ಚಲು ಹಚ್ಚುವ ಕನ್ಸೀಲರ್ ಅಂದರೆ ಬಣ್ಣದ ಪುಡಿ, ಜೊತೆಗೆ ಎಣ್ಣೆ, ಮೇಣ, ಸಿಲಿಕೋನ್, ಒಂದಿಷ್ಟು ನೀರು. ಮುಖದ ಬಿಸಿಗೆ ಅದು ಸ್ವಲ್ಪ ಮೆತ್ತಗಾಗುತ್ತದೆ. ಅದರ ಮೇಲೆ ಲೂಸ್ ಪೌಡರ್ (ಒತ್ತಿ ಗಟ್ಟಿ ಮಾಡದ ಸಡಿಲ ಪುಡಿ) ದಪ್ಪಗೆ ಕೂತಿದ್ದರೆ ಹೆಚ್ಚಿನ ಎಣ್ಣೆಯನ್ನು ಹೀರಿಕೊಳ್ಳುತ್ತದೆ. ಕನ್ಸೀಲರ್ ಬಿಗಿಯುತ್ತದೆ, ಉಳಿದ ಪೌಡರನ್ನು ಬ್ರಶ್‌ನಿಂದ ಉದುರಿಸುತ್ತೇವೆ. ಅಷ್ಟೇ.

ಇದು ರಂಗದಿಂದ ಬಂದ ವಿದ್ಯೆ. ಬಿಸಿ ದೀಪಗಳ ಕೆಳಗೆ ಗಂಟೆಗಟ್ಟಲೆ ನಿಲ್ಲುವ ನಟರಿಗೆ, ಹೆಣ್ಣುವೇಷದಂಥ ಅಬ್ಬರದ ವೇಷ ಹಾಕಿ ವೇದಿಕೆ ಏರುವ ಡ್ರ್ಯಾಗ್ ಕಲಾವಿದರಿಗೆ ಬೆವರಿಗೂ ಜಿಡ್ಡಿಗೂ ಜಗ್ಗದ ಮೇಕಪ್ ಬೇಕಿತ್ತು. ನೋಡುವವರು ದೂರದಲ್ಲಿರುತ್ತಿದ್ದರು, ಹಾಗಾಗಿ ಸಣ್ಣ ಗೆರೆ, ಬಿರುಕು ಯಾರಿಗೂ ಕಾಣುತ್ತಿರಲಿಲ್ಲ. 2010ರ ದಶಕದ ಮಧ್ಯದಲ್ಲಿ ಇದು ಸಾಮಾಜಿಕ ಜಾಲತಾಣಗಳಿಗೆ ಬಂತು, ಅಲ್ಲಿಂದ ನಮ್ಮ ನಿಮ್ಮ ಕನ್ನಡಿ ಮುಂದೆ. ನಮ್ಮನ್ನು ನೋಡುವವರು ಒಂದು ಮೊಳ ದೂರದಲ್ಲಿರುತ್ತಾರೆ ಅನ್ನುವುದೇ ವ್ಯತ್ಯಾಸ.

ಇನ್ನೊಂದು ಮಾತು. ಪೌಡರ್‌ಗೆ ಬೇಡದ ಜಿಡ್ಡು ಯಾವುದು, ಬೇಕಾದ ತೇವ ಯಾವುದು ಅಂತ ಗೊತ್ತಾಗುವುದಿಲ್ಲ. ನೀವು ಹಚ್ಚಿದ ಕ್ರೀಮಿನ ಪಸೆಯನ್ನೂ ಅದು ಹೀರುತ್ತದೆ. ಹಣೆ, ಮೂಗು, ಗದ್ದದಲ್ಲಿ ಎಣ್ಣೆ ಗ್ರಂಥಿಗಳು ಜಾಸ್ತಿ, ಆದ್ದರಿಂದ ಹೀರಿದಷ್ಟೂ ಮತ್ತೆ ಬರುತ್ತದೆ. ಕಣ್ಣಿನ ಕೆಳಗೆ ಆ ಗ್ರಂಥಿಗಳು ತೀರಾ ಕಡಿಮೆ. ಅಲ್ಲಿನ ಚರ್ಮ ಸುಮಾರು ಅರ್ಧ ಮಿಲಿಮೀಟರ್ ದಪ್ಪ, ಮುಖದಲ್ಲೇ ತೆಳ್ಳಗಿನ ಜಾಗ. ಜೊತೆಗೆ ನಾವು ನಿಮಿಷಕ್ಕೆ 15 ಸಲ ರೆಪ್ಪೆ ಬಡಿಯುತ್ತೇವೆ ಅಂದುಕೊಂಡರೂ ನಾಲ್ಕು ಗಂಟೆಗೆ 3,600 ಸಲ ಆ ಜಾಗ ಅಲುಗಾಡುತ್ತದೆ. ಒಣಗಿ ಬಿಗಿದ ಪದರ ಅಷ್ಟು ಸಲ ಮಡಚಿದರೆ ಬಿರುಕು ಬಿಡದೆ ಇನ್ನೇನು ಮಾಡೀತು? ವಿಚಿತ್ರ ಅಂದರೆ ಎಲ್ಲರೂ ಮೊದಲು ಬೇಕ್ ಮಾಡುವುದು ಅಲ್ಲೇ.

ಹೆಜ್ಜೆ 1: ಈಗ ಪರೀಕ್ಷೆ ಮಾಡುವ ಹೊತ್ತೇ ಅಲ್ಲ ಅನ್ನುವವರು

ಎಕ್ಸಿಮಾ ಇದ್ದರೆ, ಬಿಸಿಲಿಗೆ ಚರ್ಮ ಸುಟ್ಟಿದ್ದರೆ, ಮೂಗಿನ ಪಕ್ಕ ಹೊಟ್ಟು ಏಳುತ್ತಿದ್ದರೆ, ಬಾಯಿಯ ಸುತ್ತ ಕೆಂಪು ಗುಳ್ಳೆಗಳಿದ್ದರೆ, ಒಡೆದ ಮೊಡವೆ ಹಸಿಯಾಗಿದ್ದರೆ ಸದ್ಯಕ್ಕೆ ಇದನ್ನು ಪಕ್ಕಕ್ಕಿಡಿ. ರೆಟಿನಾಲ್ ಅಥವಾ ಟ್ರೆಟಿನಾಯಿನ್ (ವಿಟಮಿನ್ ಎ ಬಗೆಯ ಕ್ರೀಮುಗಳು) ಹೊಸದಾಗಿ ಶುರು ಮಾಡಿ ಚರ್ಮ ಸುಲಿಯುತ್ತಿರುವವರೂ ಅಷ್ಟೇ. ಸುಲಿದ ಪ್ರತಿ ಎಳೆಗೂ ಪೌಡರ್ ಅಂಟಿಕೊಂಡು ಎದ್ದು ಕಾಣುತ್ತದೆ.

ಅಸ್ತಮಾ ಇರುವವರು ಪೂರ್ತಿ ಬಿಟ್ಟರೇ ಒಳ್ಳೆಯದು ಅನ್ನುವುದು ನನ್ನ ಅಭಿಪ್ರಾಯ. ಲೂಸ್ ಪೌಡರ್ ಡಬ್ಬಿ ತೆರೆದರೆ ಸಾಕು, ಗಾಳಿಯಲ್ಲಿ ದೂಳು ಏಳುತ್ತದೆ. ಟಾಲ್ಕ್ ಆಗಲಿ ಇನ್ನೊಂದಾಗಲಿ, ಶ್ವಾಸಕೋಶಕ್ಕೆ ಹೋಗಬೇಕಾದ ವಸ್ತು ಅಲ್ಲ. ಪಕ್ಕದಲ್ಲಿ ಎಳೆ ಮಗು ಇದ್ದರೂ ಬೇಡ. ಕಣ್ಣು ಒಣಗುವ ತೊಂದರೆ ಇದ್ದವರಿಗೆ ಪುಡಿ ಕಣ್ಣೊಳಗೆ ಉದುರಿ ಉರಿ ಹೆಚ್ಚುತ್ತದೆ. ಲೆನ್ಸ್ ಹಾಕುವವರು ಮೇಕಪ್‌ಗೆ ಮೊದಲೇ ಲೆನ್ಸ್ ಹಾಕಿಕೊಂಡು, ಪೌಡರ್ ಹಾಕುವಾಗ ಕಣ್ಣು ಮುಚ್ಚಿಕೊಂಡರೆ ಸ್ವಲ್ಪ ವಾಸಿ.

ಹೆಜ್ಜೆ 2: ಮುಖದ ನಕ್ಷೆ ಬರೆದುಕೊಳ್ಳಿ

"ನನ್ನದು ಎಣ್ಣೆ ಚರ್ಮ" ಅಂತ ಸುಲಭವಾಗಿ ಹೇಳಿಬಿಡುತ್ತೇವೆ. ನಿಜಕ್ಕೂ ಎಣ್ಣೆ ಇರುವುದು ಮುಖದ ಯಾವ ಭಾಗದಲ್ಲಿ ಅಂತ ನೋಡಿರುವುದಿಲ್ಲ.

ಸೌಮ್ಯವಾದ ಫೇಸ್‌ವಾಶ್‌ನಿಂದ ಮುಖ ತೊಳೆಯಿರಿ. ಟವೆಲ್ಲಿನಿಂದ ಉಜ್ಜದೆ ಒತ್ತಿ ಒರೆಸಿ. ಕ್ರೀಮ್, ಸೀರಮ್ ಏನೂ ಹಚ್ಚದೆ ಒಂದು ಗಂಟೆ ಸುಮ್ನೆ ಇರಿ. ಫ್ಯಾನ್ ಅಥವಾ ಏಸಿ ಗಾಳಿ ನೇರ ಮುಖಕ್ಕೆ ಬಡಿಯದಿರಲಿ, ಅಡುಗೆ ಒಲೆ ಮುಂದೆಯೂ ನಿಲ್ಲಬೇಡಿ. ಆಮೇಲೆ ತೆಳು ಟಿಶ್ಯೂವನ್ನು ಚೂರು ಮಾಡಿ ಹಣೆ, ಮೂಗು, ಎರಡು ಕೆನ್ನೆ, ಗದ್ದ, ಕಣ್ಣಿನ ಕೆಳಗೆ ಒಂದೊಂದನ್ನು ಹತ್ತು ಸೆಕೆಂಡು ಒತ್ತಿಹಿಡಿಯಿರಿ. ಬೆಳಕಿಗೆ ಹಿಡಿದು ನೋಡಿ. ಎಲ್ಲಿ ಕಾಗದ ಗಾಜಿನಂತೆ ಪಾರದರ್ಶಕ ಆಗಿದೆಯೋ ಅಲ್ಲಿ ಎಣ್ಣೆ ಇದೆ. ಬೇಕಿಂಗ್‌ಗೆ ಅರ್ಹತೆ ಇರುವುದು ಆ ಜಾಗಗಳಿಗೆ ಮಾತ್ರ. ಕಾಗದ ಒಣಗಿದ್ದಂತೆಯೇ ಇದ್ದರೆ ಅಲ್ಲಿ ಹೀರಲು ಏನೂ ಇಲ್ಲ.

ಹಣೆ ಮಿರಿಮಿರಿ ಅನ್ನುತ್ತಿದ್ದರೂ ಚರ್ಮ ಎಳೆದು ಕಟ್ಟಿದ ಹಾಗೆ ಬಿಗಿಯಾಗಿದೆಯಾ? ಎಣ್ಣೆ ಇದೆ, ನೀರಿನಂಶ ಇಲ್ಲ ಅಂತ ಅರ್ಥ. ಹೆಚ್ಚು ಜನ ಎಡವುವುದು ಇಲ್ಲೇ. ಹೊಳಪು ಕಂಡು ಬೇಕ್ ಮಾಡುತ್ತಾರೆ, ಎರಡು ಗಂಟೆಗೆ ಹೊಳಪೂ ವಾಪಸ್, ಮೇಲೆ ಹೊಟ್ಟೂ ಬೇರೆ. ಇಂಥ ಚರ್ಮಕ್ಕೆ ಎರಡು ವಾರ ಹಗುರ ಮಾಯಿಶ್ಚರೈಸರ್ ತಪ್ಪದೆ ಹಚ್ಚಿ, ಆಮೇಲೆ ಪರೀಕ್ಷೆ ಮಾಡಿ.

ಈಗ ಕಿಟಕಿ ಹತ್ತಿರ ಹೋಗಿ ಬಾಯ್ತುಂಬ ನಕ್ಕು ಕಣ್ಣಿನ ಕೆಳಗೆ ನೋಡಿಕೊಳ್ಳಿ. ನಗು ನಿಲ್ಲಿಸಿದ ಮೇಲೂ ಉಳಿಯುವ ಗೆರೆಗಳು ಎಷ್ಟು? ಪೌಡರ್ ಹೋಗಿ ಕೂರುವುದು ಅಲ್ಲೇ. ವಯಸ್ಸಾದವರು ಬೇಕಿಂಗ್ ಮಾಡಲೇಬಾರದು ಅನ್ನುವ ಮಾತು ನನಗೆ ಒಪ್ಪಿಗೆ ಇಲ್ಲ. ಐವತ್ತು ದಾಟಿದವರ ಹಣೆಯಲ್ಲೂ ಎಣ್ಣೆ ಇದ್ದರೆ ಹಣೆಗೆ ಮಾಡಬಹುದು. ಇಪ್ಪತ್ತರಲ್ಲೂ ಕಣ್ಣಿನ ಕೆಳಗೆ ಗೆರೆ ಇದ್ದರೆ ಅಲ್ಲಿ ಬೇಡ.

ಹೆಜ್ಜೆ 3: ಡಬ್ಬಿಯ ಹಿಂದೆ ಓದಿ

ಬೇಕಿಂಗ್‌ಗೆ ಬೇಕಾದ್ದು ಲೂಸ್ ಸೆಟ್ಟಿಂಗ್ ಪೌಡರ್. ಕಾಂಪ್ಯಾಕ್ಟ್ ಬೇಡ. ಅದನ್ನು ಗಟ್ಟಿ ಮಾಡಲು ಅಂಟು ಸೇರಿಸಿರುತ್ತಾರೆ, ದಪ್ಪಗೆ ಹಾಕಿದರೆ ತೇಪೆ ತೇಪೆ ಆಗುತ್ತದೆ.

ಟಾಲ್ಕ್ ನುಣ್ಣಗೆ ಕೂರುತ್ತದೆ. ಜೋಳದ ಪಿಷ್ಟ ಇದ್ದರೆ ಚೆನ್ನಾಗಿ ಹೀರುತ್ತದೆ, ಆದರೆ ಬೆವರು ಜಾಸ್ತಿ ಬಂದರೆ ಗಂಟು ಕಟ್ಟಬಹುದು. ಮೈಕಾ ಮಿಂಚು ಕೊಡುತ್ತದೆ. ಆ ಮಿಂಚು ರಂಧ್ರ, ಗೆರೆಗಳ ಮೇಲೆ ಕೂತರೆ ಅವನ್ನೇ ಎತ್ತಿ ತೋರಿಸುತ್ತದೆ. ಸಿಲಿಕಾ ಎಣ್ಣೆ ಹೀರುವುದರಲ್ಲಿ ಎತ್ತಿದ ಕೈ. ಆದರೆ ಸಿಲಿಕಾ ಹೆಚ್ಚಿರುವ ಪೌಡರ್ ದಪ್ಪಗೆ ಉಳಿದರೆ ಫ್ಲ್ಯಾಶ್ ಬೆಳಕನ್ನು ತಿರುಗಿಸಿ ಎಸೆಯುತ್ತದೆ. ಕನ್ನಡಿಯಲ್ಲಿ ಸರಿಯಾಗಿದ್ದ ಮುಖ ಫೋಟೊದಲ್ಲಿ ಕಣ್ಣಿನ ಸುತ್ತ ಸುಣ್ಣ ಬಳಿದ ಹಾಗೆ ಬರುವುದು ಹೀಗೆ. ಕಣ್ಣಿನ ಹತ್ತಿರ ಹಚ್ಚುವ ಪೌಡರ್‌ನಲ್ಲಿ ಸುಗಂಧ ಇಲ್ಲದಿದ್ದರೆ ಒಳ್ಳೆಯದು.

ಬಣ್ಣದ ವಿಷಯ. ಡಬ್ಬಿ ಮೇಲೆ ಟ್ರಾನ್ಸ್‌ಲುಸೆಂಟ್ (ಅರೆಪಾರದರ್ಶಕ) ಅಂತ ಬರೆದ ಮಾತ್ರಕ್ಕೆ ಅದು ಕಾಣದ ಪೌಡರ್ ಅಲ್ಲ. ತೆಳುವಾಗಿ ಹಚ್ಚಿದರೆ ಕಾಣದು ನಿಜ. ಬೇಕಿಂಗ್‌ನಲ್ಲಿ ದಪ್ಪಗೆ ಹಾಕುತ್ತೇವಲ್ಲ, ಎಣ್ಣೆಗೆಂಪು ಮುಖಕ್ಕೂ ಕಪ್ಪು ಮುಖಕ್ಕೂ ಬೂದಿ ಬಡಿದಂತೆ ಕಾಣುತ್ತದೆ. ಎಣ್ಣೆಗೆಂಪಿಗೆ ಹಳದಿ ಛಾಯೆಯದ್ದು, ಇನ್ನೂ ಗಾಢ ಬಣ್ಣಕ್ಕೆ ಕಿತ್ತಳೆ ಅಥವಾ ಕಂದು ಛಾಯೆಯದ್ದು ನೋಡಿ. ಹೆಬ್ಬೆರಳು ತೋರುಬೆರಳ ನಡುವೆ ಚಿಟಿಕೆ ಪುಡಿ ಉಜ್ಜಿ. ಬೆರಳಿಗೆ ತರಿತರಿ ಸಿಕ್ಕರೆ ಮುಖದ ಮೇಲೂ ತರಿಯೇ.

ಹೊಸ ಪೌಡರ್ ಆದರೆ ಕಿವಿಯ ಹಿಂದೆ ಸ್ವಲ್ಪ ಹಚ್ಚಿ ಎರಡು ದಿನ ಕಾಯಿರಿ. ತುರಿಕೆ, ಕೆಂಪು ಏನೂ ಇಲ್ಲದಿದ್ದರೆ ಮುಂದಿನ ಹೆಜ್ಜೆ.

ಹೆಜ್ಜೆ 4: ಅರ್ಧ ಮುಖದ ಪರೀಕ್ಷೆ

ಎಲ್ಲಿಗೂ ಹೋಗುವುದಿಲ್ಲದ ದಿನ ಆರಿಸಿಕೊಳ್ಳಿ. ಸಮಾರಂಭದ ದಿನವೇ ಮೊದಲ ಪ್ರಯೋಗ ಬೇಡ, ಅದರ ಕತೆ ಮೇಲೆ ಹೇಳಿದ್ದೇನೆ.

ಮಾಯಿಶ್ಚರೈಸರ್ ಹಚ್ಚಿ ಹತ್ತು ನಿಮಿಷ ಬಿಡಿ. ನೀವು ದಿನಾ ಸನ್‌ಸ್ಕ್ರೀನ್ ಹಚ್ಚುವವರಾದರೆ ಅದನ್ನೂ ಹಚ್ಚಿ, ಇನ್ನು ಹತ್ತು ನಿಮಿಷ. ಈ ಕಾಯುವಿಕೆ ಬೇಜಾರಿನದ್ದೇ, ಆದರೂ ಬಿಡಬೇಡಿ. ಒದ್ದೆ ಕ್ರೀಮಿನ ಮೇಲೆ ಪೌಡರ್ ಬಿದ್ದರೆ ಅಲ್ಲಲ್ಲೇ ಕಚ್ಚಿಕೊಂಡು ಮಚ್ಚೆಯಾಗುತ್ತದೆ. ಆಮೇಲೆ ಪೌಡರನ್ನು ಬೈದುಕೊಳ್ಳುತ್ತೇವೆ.

ಎರಡೂ ಬದಿಗೆ ಒಂದೇ ಥರ ಫೌಂಡೇಶನ್ ತೆಳ್ಳಗೆ ಹಚ್ಚಿ. ಪ್ರತಿ ಕಣ್ಣಿನ ಕೆಳಗೆ ಕನ್ಸೀಲರ್ ಎರಡು ಚುಕ್ಕೆ, ಒಂದೊಂದು ಸಾಸಿವೆ ಕಾಳಿನಷ್ಟು. ಸವರಿದ ಮೇಲೆ ತಲೆ ಎತ್ತದೆ ಕಣ್ಣು ಮಾತ್ರ ಮೇಲಕ್ಕೆ ಮಾಡಿ ನೋಡಿ. ಕನ್ಸೀಲರ್ ಗೆರೆಗಳಲ್ಲಿ ಸಣ್ಣಗೆ ಸೇರಿಕೊಂಡಿರುತ್ತದೆ. ಬೆರಳ ತುದಿಯಿಂದ ಒತ್ತಿ ಅದನ್ನು ಸಮ ಮಾಡಿ, ತಕ್ಷಣ ಪೌಡರ್ ಹಾಕಬೇಕು. ಇಲ್ಲದಿದ್ದರೆ ಆ ಗೆರೆಗಳನ್ನೇ ನೀವು ಭದ್ರ ಮಾಡಿದಂತಾಗುತ್ತದೆ.

ಎಡ ಬದಿಗೆ ಮೆತ್ತನೆಯ ಬ್ರಶ್‌ನಿಂದ ಹಗುರಾಗಿ ಪೌಡರ್ ಮುಟ್ಟಿಸಿ, ಅಷ್ಟಕ್ಕೆ ಬಿಡಿ.

ಬಲ ಬದಿಗೆ ಬೇಕಿಂಗ್. ಸ್ಪಂಜ್ ಒದ್ದೆ ಮಾಡಿ ಹಿಂಡಿ. ಒಣ ಟಿಶ್ಯೂಗೆ ಒತ್ತಿದರೆ ನೀರಿನ ಗುರುತು ಬೀಳಬಾರದು, ಅಷ್ಟು ಹಿಂಡಬೇಕು. ಪೌಡರನ್ನು ಮುಚ್ಚಳಕ್ಕೆ ಸ್ವಲ್ಪ ಸುರಿದುಕೊಂಡು ಸ್ಪಂಜ್ ಅದ್ದಿ, ಒಮ್ಮೆ ತಟ್ಟಿ ಹೆಚ್ಚಿನದನ್ನು ಉದುರಿಸಿ. ಉಸಿರು ಹಿಡಿದು ಕಣ್ಣಿನ ಕೆಳಗೆ, ಮೂಗಿನ ಪಕ್ಕ, ಅರ್ಧ ಹಣೆ, ಅರ್ಧ ಗದ್ದಕ್ಕೆ ಒತ್ತಿ ಕೂರಿಸಿ. ಉಜ್ಜಬೇಡಿ. ಕೆಳಗಿನ ಚರ್ಮದ ಬಣ್ಣ ಮುಚ್ಚಿದರೆ ಸಾಕು, ಗುಡ್ಡೆ ಹಾಕಬೇಕಿಲ್ಲ.

ಮೂರು ನಿಮಿಷ ಸಾಕು. ಐದರಿಂದ ಹತ್ತು ನಿಮಿಷ ಅಂತ ಹೇಳುವುದು ರಂಗದ ಲೆಕ್ಕ. ಈ ಹೊತ್ತಲ್ಲಿ ಹುಬ್ಬು ತೀಡಿಕೊಳ್ಳಿ, ಐ ಶ್ಯಾಡೊ ಹಚ್ಚಿಕೊಳ್ಳಿ. ಉದುರುವ ಬಣ್ಣದ ಪುಡಿ ಈ ಪೌಡರ್ ಮೇಲೆ ಬಿದ್ದು, ಆಮೇಲೆ ಅದರ ಜೊತೆಗೇ ಹೋಗುತ್ತದೆ. ಬೇಕಿಂಗ್‌ನ ದೊಡ್ಡ ಲಾಭ ಇದೇ ಅಂತ ನನಗೆ ಒಮ್ಮೊಮ್ಮೆ ಅನ್ನಿಸುತ್ತದೆ! ನಗಬೇಡಿ, ಫೋನಿನಲ್ಲಿ ಮಾತಾಡಬೇಡಿ.

ತೆಗೆಯುವುದಕ್ಕೆ ದೊಡ್ಡ, ಮೆತ್ತನೆಯ, ಒಣಗಿದ ಬ್ರಶ್. ಮೂಗಿನ ಕಡೆಯಿಂದ ಹೊರಕ್ಕೆ, ಕೆಳಕ್ಕೆ ಗರಿ ಸವರಿದ ಹಾಗೆ ಸವರಿ. ಒತ್ತಿ ಎಳೆದರೆ ಕನ್ಸೀಲರೂ ಜೊತೆಗೆ ಬರುತ್ತದೆ.

ಹೆಜ್ಜೆ 5: ಗಡಿಯಾರ ಇಟ್ಟುಕೊಂಡು ನೋಡಿ

ಹಚ್ಚಿದ ಕೂಡಲೇ, ಒಂದು ಗಂಟೆಗೆ, ನಾಲ್ಕು ಗಂಟೆಗೆ, ಆರು ಗಂಟೆಗೆ. ಪ್ರತಿ ಸಲ ಎರಡು ಫೋಟೊ: ಕಿಟಕಿ ಬೆಳಕಲ್ಲಿ ಒಂದು, ಕೋಣೆ ಕತ್ತಲು ಮಾಡಿ ಫ್ಲ್ಯಾಶ್ ಹಾಕಿ ಇನ್ನೊಂದು. ಬ್ಯೂಟಿ ಫಿಲ್ಟರ್ ಆಫ್ ಮಾಡಿದ್ದೀರಾ ನೋಡಿಕೊಳ್ಳಿ. ಹಲವು ಫೋನ್‌ಗಳಲ್ಲಿ ಅದು ತಾನಾಗೇ ಆನ್ ಇರುತ್ತದೆ. ನಡುವೆ ಟಚ್‌ಅಪ್ ಮಾಡಬಾರದು, ಒರೆಸಬಾರದು. ಮಾಮೂಲಿನಂತೆ ಮನೆಕೆಲಸ ಮಾಡಿ, ಊಟ ಮಾಡಿ, ಮಾತಾಡಿ, ನಗಿ. ಫೋಟೊ ಒಂದನ್ನೇ ನಂಬಬೇಡಿ. ಬಲಗಣ್ಣಿನ ಕೆಳಗೆ ಬಿಗಿ ಅನ್ನಿಸುತ್ತಿದೆಯಾ, ರೆಪ್ಪೆ ಬಡಿದಾಗ ಏನಾದರೂ ಚುಚ್ಚಿದ ಹಾಗಿದೆಯಾ ಅಂತ ಬರೆದುಕೊಳ್ಳಿ.

ಸಂಜೆ ತೊಳೆದ ಮೇಲೂ ನೋಡಿ. ಬೇಕ್ ಮಾಡಿದ ಕಡೆ ಕೆಂಪಾಗಿದ್ದರೆ, ಉರಿದರೆ ಉತ್ತರ ಸಿಕ್ಕಿತು. ಮೊಡವೆ ಮಾತ್ರ ಅದೇ ದಿನ ಕಾಣುವುದಿಲ್ಲ. ಅದಕ್ಕೆ ಒಂದೆರಡು ವಾರ ಗಮನ ಇಡಬೇಕು.

ಹೆಜ್ಜೆ 6: ಕಂಡಿದ್ದನ್ನು ಓದುವುದು ಹೇಗೆ

ನಾಲ್ಕನೇ ಗಂಟೆಗೆ ಎರಡೂ ಬದಿ ಒಂದೇ ಥರ ಇದ್ದರೆ ನಿಮಗೆ ಬೇಕಿಂಗ್ ಬೇಕಾಗಿಲ್ಲ. ಹಗುರ ಪೌಡರ್ ಸಾಕು, ಸಮಯವೂ ಉಳಿಯಿತು, ಡಬ್ಬಿಯೂ ಜಾಸ್ತಿ ದಿನ ಬಂತು.

ಮೂಗು, ಹಣೆಯಲ್ಲಿ ಬಲ ಬದಿ ಗೆದ್ದು, ಕಣ್ಣಿನ ಕೆಳಗೆ ಸೋತಿದ್ದರೆ ನೀವು ನನ್ನ ಗುಂಪು. ಈ ಗುಂಪು ದೊಡ್ಡದು ಅಂತಲೇ ನನ್ನ ಅನಿಸಿಕೆ. ಎಲ್ಲಿ ಗೆದ್ದಿತೋ ಅಲ್ಲಿಗಷ್ಟೇ ಇಟ್ಟುಕೊಳ್ಳಿ. ಎಲ್ಲ ಕಡೆಯೂ ಗೆದ್ದಿದ್ದರೆ ನಿಮ್ಮದು ನಿಜವಾದ ಎಣ್ಣೆ ಚರ್ಮ. ಇನ್ನೊಂದು ದಿನ ಐದು ನಿಮಿಷಕ್ಕೆ ಏರಿಸಿ ನೋಡಬಹುದು. ಹಾಗಂತ ದಿನಾ ಮಾಡಬೇಕು ಅಂತಿಲ್ಲ. ಉದ್ದದ ದಿನಗಳಿಗೆ ಇರಲಿ.

ಒಂದು ಗಂಟೆಯೊಳಗೇ ಬಿರುಕು ಬಿಟ್ಟರೆ ಪೌಡರ್ ಮೇಲೆ ತಪ್ಪು ಹೊರಿಸುವ ಮೊದಲು ಎಡ ಬದಿ ನೋಡಿ. ಅಲ್ಲೂ ಗೆರೆ ಬಿದ್ದಿದೆಯಾ? ಹಾಗಿದ್ದರೆ ಕಳ್ಳ ಕನ್ಸೀಲರ್. ದಪ್ಪ ಕನ್ಸೀಲರ್ ಯಾವ ಪೌಡರ್ ಹಾಕಿದರೂ ಸರಿಯುತ್ತದೆ. ಎರಡು ಚುಕ್ಕೆಯ ಬದಲು ಒಂದೇ ಚುಕ್ಕೆ ಇಟ್ಟು ಇನ್ನೊಂದು ದಿನ ಮಾಡಿ. ಬಲ ಬದಿ ಮಾತ್ರ ಬಿರಿದಿದ್ದರೆ ಬೇಕಿಂಗೇ ಕಾರಣ.

ಕಿಟಕಿ ಬೆಳಕಿನಲ್ಲೇ ಬೂದಿ ಬೂದಿ ಕಂಡರೆ ಪೌಡರ್‌ನ ಬಣ್ಣ ತಪ್ಪು. ಕಿಟಕಿಯಲ್ಲಿ ಸರಿಯಿದ್ದು ಫ್ಲ್ಯಾಶ್‌ನಲ್ಲಿ ಮಾತ್ರ ಬೆಳ್ಳಗಾದರೆ ಪೌಡರ್‌ನ ಗುಣ ತಪ್ಪು, ಅಥವಾ ಸರಿಯಾಗಿ ಉದುರಿಸಿಲ್ಲ. ಎರಡರಲ್ಲೂ ನಿಮ್ಮ ಚರ್ಮದ ದೋಷ ಏನೂ ಇಲ್ಲ. ಡಬ್ಬಿ ಬದಲಿಸಿ ಮತ್ತೆ ನೋಡಿ. ಕೆನ್ನೆಯ ನವಿರು ಕೂದಲಿಗೆ ಪುಡಿ ಹಿಡಿದು ಬೂಜು ಬಂದ ಹಾಗೆ ಕಂಡರೆ ಕೆನ್ನೆಯನ್ನು ಪಟ್ಟಿಯಿಂದ ತೆಗೆದುಹಾಕಿ.

ಬೆವರುವವರಿಗೆ ಒಂದು ಮಾತು. ಜಿಡ್ಡು ಬೇರೆ, ಬೆವರು ಬೇರೆ. ಪೌಡರ್ ಜಿಡ್ಡನ್ನು ಹಿಡಿದಿಡುತ್ತದೆ. ಹಣೆಯಿಂದ ಬೆವರು ಹರಿದರೆ ಆ ದಪ್ಪ ಪದರದಲ್ಲಿ ಕಾಲುವೆ ತೋಡಿಕೊಂಡು ಹೋಗುತ್ತದೆ. ಟಿಶ್ಯೂ ಪರೀಕ್ಷೆಯಲ್ಲಿ ಎಣ್ಣೆ ಕಾಣದೆ ಇದ್ದರೂ ಮುಖ ಯಾವಾಗಲೂ ಒದ್ದೆ ಅನ್ನುವವರಿಗೆ ಬೇಕಿಂಗ್ ಸಹಾಯ ಮಾಡುವುದಿಲ್ಲ. ಅವರಿಗೆ ತೆಳು ಮೇಕಪ್, ಅದನ್ನು ಹಿಡಿದಿಡುವ ಸೆಟ್ಟಿಂಗ್ ಸ್ಪ್ರೇ, ಪರ್ಸಿನಲ್ಲಿ ಟಿಶ್ಯೂ ಸಾಕು. ಒರೆಸದೆ ಒತ್ತಿ ತೆಗೆಯಿರಿ.

ತುರಿಕೆ, ಊತ, ಕಣ್ಣಲ್ಲಿ ನೀರು ಬಂದರೆ ಎರಡನೇ ಪರೀಕ್ಷೆ ಬೇಡ. ತೊಳೆದುಬಿಡಿ. ಕಡಿಮೆಯಾಗದಿದ್ದರೆ ಚರ್ಮದ ವೈದ್ಯರಿಗೆ ಡಬ್ಬಿ ಸಮೇತ ತೋರಿಸಿ.

ಕಣ್ಣಿನ ಕೆಳಗೆ ಬೇಡ ಅಂತಾದರೆ

ಕಪ್ಪು ಮುಚ್ಚಬೇಕು, ಬಿರುಕು ಬೇಡ, ಅದಕ್ಕೊಂದು ಉಪಾಯ ಇದೆ. ಐ ಶ್ಯಾಡೊ ಹಚ್ಚುವ ಸಣ್ಣ ಬ್ರಶ್ ತಗೊಳ್ಳಿ. ತುದಿಗೆ ಮಾತ್ರ ಪೌಡರ್ ಮುಟ್ಟಿಸಿ, ಕೈಯ ಹಿಂಬದಿಗೆ ಒರೆಸಿ ಅರ್ಧ ಕಳೆಯಿರಿ. ಕನ್ಸೀಲರ್ ಗೆರೆಯಾಗುವ ಆ ಒಂದೆರಡು ಮಡಿಕೆಗಳಿಗಷ್ಟೇ ಒತ್ತಿ. ಉಳಿದ ಜಾಗ ಹಾಗೇ ಇರಲಿ, ಸ್ವಲ್ಪ ತೇವ ಕಂಡರೆ ಏನೂ ತಪ್ಪಿಲ್ಲ. ಇದನ್ನೂ ಅರ್ಧ ಮುಖದ ಪರೀಕ್ಷೆಗೆ ಹಾಕಿ ನೋಡಬಹುದು: ಒಂದು ಕಣ್ಣಿಗೆ ಈ ಥರ, ಇನ್ನೊಂದಕ್ಕೆ ಪೌಡರೇ ಇಲ್ಲ.

ಮಧ್ಯದ ದಾರಿಯೂ ಇದೆ. ಪೌಡರ್ ಮೆತ್ತಿ ಮೂವತ್ತು ಸೆಕೆಂಡಿಗೇ ಉದುರಿಸುವುದು. ಸ್ವಲ್ಪ ಒಣ ಚರ್ಮದವರಿಗೆ ಮೂಗಿನ ಪಕ್ಕ ಇಷ್ಟೇ ಸಾಕಾಗುತ್ತದೆ.

ನನ್ನ ನಕ್ಷೆ ಈಗ ಹೀಗಿದೆ: ಮೂಗಿನ ಎರಡು ಪಕ್ಕ ಮೂರು ನಿಮಿಷ, ಗದ್ದಕ್ಕೆ ಎರಡು, ಹಣೆಗೆ ಹಗುರ ಪೌಡರ್, ಕಣ್ಣಿನ ಕೆಳಗೆ ಸಣ್ಣ ಬ್ರಶ್ ಮಾತ್ರ. ಚಳಿಗಾಲದಲ್ಲಿ ಗದ್ದವೂ ಬೇಡ ಅನ್ನುತ್ತದೆ, ಹಾಗಾಗಿ ಋತು ಬದಲಾದಾಗ ಟಿಶ್ಯೂ ಪರೀಕ್ಷೆ ಇನ್ನೊಮ್ಮೆ ಮಾಡುತ್ತೇನೆ.

ಮಾಡಿದ ದಿನ ರಾತ್ರಿ ಫೇಸ್‌ವಾಶ್ ಒಂದರಿಂದಲೇ ಈ ಪದರ ಹೋಗುವುದಿಲ್ಲ. ಮೊದಲು ಕ್ಲೆನ್ಸಿಂಗ್ ಆಯಿಲ್ ಅಥವಾ ಬಾಮ್‌ನಿಂದ ಕರಗಿಸಿ, ಆಮೇಲೆ ಫೇಸ್‌ವಾಶ್. ಮುಚ್ಚಳದಲ್ಲಿ ಉಳಿದ ಪೌಡರನ್ನು ಡಬ್ಬಿಗೆ ವಾಪಸ್ ಸುರಿಯಬೇಡಿ, ಒದ್ದೆ ಸ್ಪಂಜ್ ಮುಟ್ಟಿದ ಪುಡಿ ಅದು. ಸ್ಪಂಜನ್ನು ಅವತ್ತೇ ಸೋಪು ಹಾಕಿ ತೊಳೆದು, ಗಾಳಿಯಾಡುವ ಕಡೆ ಒಣಗಲು ಇಡಿ.